ಓದುಗರ ಪ್ರಶ್ನೆ: ಸದ್ದಿಗಿಂತ ಮೊದಲೇ ಬರುತ್ತಿದ್ದ ರಾಕೆಟ್

ಹೋದ ತಿಂಗಳು ಈ ಪುಟದಲ್ಲಿ ಒಂದು ಫೋಟೋದ ಬಗ್ಗೆ ಬರೆದಿದ್ದೆ. 1946ರ ಅಕ್ಟೋಬರ್ 24ರಂದು ಅಮೆರಿಕದ ನ್ಯೂ ಮೆಕ್ಸಿಕೋ ಮರುಭೂಮಿಯಿಂದ ಹಾರಿದ ಒಂದು ವಿ-2 ರಾಕೆಟ್ ಸುಮಾರು 105 ಕಿಲೋಮೀಟರ್ ಎತ್ತರಕ್ಕೆ ಹೋಯಿತು. ಅದರೊಳಗೆ 35 ಎಂಎಂ ಕ್ಯಾಮೆರಾ ಇತ್ತು. ಒಂದೂವರೆ ಸೆಕೆಂಡಿಗೆ ಒಂದು ಚಿತ್ರ ತೆಗೆಯುತ್ತಿತ್ತು. ರಾಕೆಟ್ ನೆಲಕ್ಕೆ ಬಿದ್ದು ಪುಡಿಯಾಯಿತು. ಉಕ್ಕಿನ ಡಬ್ಬಿಯಲ್ಲಿದ್ದ ಫಿಲ್ಮ್ ಮಾತ್ರ ಉಳಿಯಿತು. ಬಾಹ್ಯಾಕಾಶದಿಂದ ನಮ್ಮ ಭೂಮಿಯನ್ನು ನೋಡಿದ ಮೊದಲ ಚಿತ್ರ ಅದೇ.

ಬಂದ ಪತ್ರಗಳಲ್ಲಿ ಹೆಚ್ಚಿನವರು ಕೇಳಿದ್ದು ಫೋಟೋ ಬಗ್ಗೆ ಅಲ್ಲ, ಅದನ್ನು ಹೊತ್ತೊಯ್ದ ರಾಕೆಟ್ ಬಗ್ಗೆ. ನಾನು 31 ವರ್ಷ ಕಾಲೇಜಿನಲ್ಲಿ ಭೌತಶಾಸ್ತ್ರ ಪಾಠ ಮಾಡಿದವನು. ಈ ವಿಷಯ ನನಗೆ ಬಹಳ ಹತ್ತಿರದ್ದು. ಹಾಗಾಗಿ ಈ ತಿಂಗಳ ಪುಟವೆಲ್ಲ ಇದಕ್ಕೇ ಇರಲಿ.

ಪ್ರಶ್ನೆ: ವಿ-1, ವಿ-2 ಎಂದು ಎರಡು ಹೆಸರು ಓದಿದ್ದೇನೆ. ಎರಡೂ ರಾಕೆಟ್ಟೇ? ಇದರಲ್ಲಿ ಬಾಹ್ಯಾಕಾಶ ಮುಟ್ಟಿದ್ದು ಯಾವುದು? (ಬಿಎಸ್‌ಸಿ ವಿದ್ಯಾರ್ಥಿನಿ, ಹಾಸನ)

ಉತ್ತರ: ಎರಡೂ ಹಿಟ್ಲರನ ಜರ್ಮನಿಯ ಅಸ್ತ್ರಗಳು. ವಿ ಎಂದರೆ ಜರ್ಮನ್ ಭಾಷೆಯಲ್ಲಿ ಸೇಡು ಎನ್ನುವ ಪದದ ಮೊದಲ ಅಕ್ಷರ. ಹೆಸರಿನಲ್ಲಿ ಅಣ್ಣತಮ್ಮ, ಕೆಲಸದಲ್ಲಿ ಸಂಬಂಧವೇ ಇಲ್ಲ.

ವಿ-1 ರಾಕೆಟ್ ಅಲ್ಲ. ಅದು ಪೈಲಟ್ ಇಲ್ಲದ ಪುಟ್ಟ ಜೆಟ್ ವಿಮಾನ. ಸುತ್ತಲಿನ ಗಾಳಿಯನ್ನೇ ಎಳೆದುಕೊಂಡು ಇಂಧನ ಸುಡುತ್ತಿತ್ತು. ಹೋಗುವಾಗ ಹಳೇ ಮೋಟಾರ್‌ಬೈಕಿನ ಹಾಗೆ ಗುರುಗುಟ್ಟುತ್ತಿತ್ತು. ಗಂಟೆಗೆ ಸುಮಾರು 640 ಕಿಲೋಮೀಟರ್ ವೇಗ. ಫೈಟರ್ ವಿಮಾನಗಳು, ವಿಮಾನ ಹೊಡೆಯುವ ಫಿರಂಗಿಗಳು ಅದನ್ನು ಬೀಳಿಸುತ್ತಿದ್ದವು.

ವಿ-2 ನಿಜವಾದ ರಾಕೆಟ್. 14 ಮೀಟರ್ ಉದ್ದ, ಹೊರಡುವಾಗ 12 ಟನ್ನಿಗೂ ಜಾಸ್ತಿ ತೂಕ. ಇಂಧನದ ಜೊತೆ ಅದನ್ನು ಸುಡಲು ಬೇಕಾದ ಆಮ್ಲಜನಕವನ್ನೂ ತಾನೇ ಹೊತ್ತುಕೊಂಡು ಹೋಗುತ್ತಿತ್ತು. ಅದಕ್ಕೇ ಗಾಳಿ ಇಲ್ಲದ ಜಾಗದಲ್ಲೂ ಅದು ಉರಿಯಬಲ್ಲದು. ಬಾಹ್ಯಾಕಾಶಕ್ಕೆ ಹೋಗಲು ಮೊದಲು ಬೇಕಾದ್ದೇ ಇದು, ಅಲ್ವಾ?

ಜರ್ಮನಿಯ ಉತ್ತರದಲ್ಲಿ ಬಾಲ್ಟಿಕ್ ಸಮುದ್ರದ ದಂಡೆಯ ಮೇಲೆ ಉಸೆಡೊಮ್ ಎಂಬ ದ್ವೀಪವಿದೆ. ಅದರ ತುದಿಯ ಪೀನೆಮುಂಡೆ ಎಂಬ ಹಳ್ಳಿಯಲ್ಲಿ ಸೈನ್ಯ ದೊಡ್ಡ ಪ್ರಯೋಗ ಕೇಂದ್ರ ಕಟ್ಟಿತು. 1942ರ ಅಕ್ಟೋಬರ್ 3ರಂದು ಅಲ್ಲಿಂದ ಈ ರಾಕೆಟ್ ಮೊದಲ ಸಲ ಸರಿಯಾಗಿ ಹಾರಿತು. 80 ಕಿಲೋಮೀಟರಿಗಿಂತ ಎತ್ತರಕ್ಕೆ ಹೋಗಿ, ಸುಮಾರು 190 ಕಿಲೋಮೀಟರ್ ಆಚೆ ಸಮುದ್ರಕ್ಕೆ ಬಿತ್ತು. 1944ರ ಜೂನ್ 20ರಂದು ನೆಟ್ಟಗೆ ಮೇಲಕ್ಕೆ ಬಿಟ್ಟ ಒಂದು ರಾಕೆಟ್ 174 ಕಿಲೋಮೀಟರ್ ದಾಟಿತು. ಬಾಹ್ಯಾಕಾಶ ಶುರುವಾಗುವುದು 100 ಕಿಲೋಮೀಟರಿನಿಂದ ಎಂದು ಈಗ ಬಹುತೇಕರು ಒಪ್ಪುತ್ತಾರೆ. ಆ ಲೆಕ್ಕದಲ್ಲಿ ಮನುಷ್ಯ ಮಾಡಿದ ವಸ್ತು ಮೊದಲು ಬಾಹ್ಯಾಕಾಶಕ್ಕೆ ಹೋಗಿದ್ದು ಅವತ್ತೇ. ಇನ್ನು ಮೂರು ತಿಂಗಳೊಳಗೆ ಅದೇ ರಾಕೆಟ್ ಪ್ಯಾರಿಸ್ ಮತ್ತು ಲಂಡನ್ ಮೇಲೆ ಬೀಳತೊಡಗಿತು.

ಪ್ರಶ್ನೆ: ವಿ-2 ಬಿದ್ದ ಮೇಲೆ ಅದರ ಸದ್ದು ಕೇಳಿಸುತ್ತಿತ್ತು ಎಂದು ಎಲ್ಲೋ ಓದಿದೆ. ಬಾಂಬ್ ಸಿಡಿದ ಮೇಲೆ ಅದು ಬರುವ ಸದ್ದು ಕೇಳಿಸುವುದು ಹೇಗೆ ಸಾಧ್ಯ? (ನಿವೃತ್ತ ಶಿಕ್ಷಕರು, ಸಾಗರ)

ಉತ್ತರ: ನೂರಕ್ಕೆ ನೂರು ನಿಜ. ನಿಮ್ಮ ಕಡೆ ಮಳೆಗಾಲದಲ್ಲಿ ಮಕ್ಕಳು ಆಡುವ ಆಟ ನೆನಪಿಸಿಕೊಳ್ಳಿ. ಮಿಂಚು ಕಂಡ ಕೂಡಲೇ ಒಂದು, ಎರಡು, ಮೂರು ಎಂದು ಎಣಿಸುವುದು. ಗುಡುಗು ಕೇಳಿಸಿದಾಗ ನಿಲ್ಲಿಸುವುದು. ಮೂರು ಎಣಿಸಿದರೆ ಸಿಡಿಲು ಸುಮಾರು ಒಂದು ಕಿಲೋಮೀಟರ್ ದೂರದ್ದು. ಸದ್ದು ಸೆಕೆಂಡಿಗೆ ಬರೀ 340 ಮೀಟರ್ ಹೋಗುತ್ತದೆ.

ವಿ-2 ನೆಲ ಮುಟ್ಟುವಾಗ ಅದರ ವೇಗ ಸೆಕೆಂಡಿಗೆ 800 ಮೀಟರಿನ ಆಸುಪಾಸು. ಸದ್ದಿನ ಎರಡು ಪಟ್ಟಿಗೂ ಜಾಸ್ತಿ. ಕೊನೆಯ 10 ಕಿಲೋಮೀಟರನ್ನು ಅದು ಸುಮಾರು 12 ಸೆಕೆಂಡಿನಲ್ಲಿ ದಾಟುತ್ತದೆ ಎಂದು ಇಟ್ಟುಕೊಳ್ಳಿ. ಆ 10 ಕಿಲೋಮೀಟರ್ ದೂರದಲ್ಲಿ ಎದ್ದ ಸದ್ದಿಗೆ ನಿಮ್ಮ ಕಿವಿ ತಲುಪಲು 29 ಸೆಕೆಂಡ್ ಬೇಕು. ಅಂದರೆ ರಾಕೆಟ್ ಬಿದ್ದು 17 ಸೆಕೆಂಡ್ ಆದ ಮೇಲೆ ಆ ಸದ್ದು ಬರುತ್ತದೆ. ಹತ್ತಿರದ ಸದ್ದು ಮೊದಲು, ದೂರದ್ದು ಆಮೇಲೆ. ಬಂದ ದಾರಿಯ ಸದ್ದೆಲ್ಲ ಹಿಂದುಮುಂದಾಗಿ ಬರುತ್ತದೆ. ಲಂಡನ್ನಿನವರು ಮೊದಲು ಸ್ಫೋಟ ಕೇಳುತ್ತಿದ್ದರು. ಆಮೇಲೆ ಆಕಾಶ ಸೀಳಿದ ಹಾಗೆ ಇನ್ನೊಂದು ಸದ್ದು. ಅದರ ಹಿಂದೆ ದೂರ ಸರಿಯುತ್ತಾ ಹೋಗುವ ಗುಡುಗು.

ಲಂಡನ್ನಿಗೆ ಮೊದಲನೆಯದು ಬಿದ್ದಿದ್ದು 1944ರ ಸೆಪ್ಟೆಂಬರ್ 8ರ ಸಂಜೆ, ಚಿಸ್ವಿಕ್ ಬಡಾವಣೆಯ ಸ್ಟೇವ್ಲಿ ರಸ್ತೆಯಲ್ಲಿ. ನೆದರ್‌ಲ್ಯಾಂಡ್ಸ್‌ನ ಹೇಗ್ ನಗರದ ಹತ್ತಿರದಿಂದ ಐದೇ ನಿಮಿಷದಲ್ಲಿ ಬಂದಿತ್ತು. ಮೂವರು ಸತ್ತರು, ಅದರಲ್ಲಿ ಒಂದು ಮೂರು ವರ್ಷದ ಮಗು. ಸೈರನ್ ಊದಲೂ ಸಮಯವಿಲ್ಲ. ಜನ ಗಾಬರಿಯಾದಾರು, ಶತ್ರುವಿಗೂ ಗುರಿ ಗೊತ್ತಾದೀತು ಎಂದು ಸರ್ಕಾರ ಸುದ್ದಿ ಬಿಡಲಿಲ್ಲ. ಗ್ಯಾಸ್ ಪೈಪ್ ಒಡೆದಿದೆ ಎಂಬ ಮಾತು ಹಬ್ಬಿತು. ಚರ್ಚಿಲ್ ಪಾರ್ಲಿಮೆಂಟಿನಲ್ಲಿ ನಿಜ ಹೇಳಿದ್ದು ನವೆಂಬರ್ 10ರಂದು.

ನವೆಂಬರ್ 25, ಶನಿವಾರ ಮಧ್ಯಾಹ್ನ. ದಕ್ಷಿಣ ಲಂಡನ್ನಿನ ನ್ಯೂ ಕ್ರಾಸ್‌ನಲ್ಲಿ ಒಂದು ಅಂಗಡಿ ತುಂಬಾ ಜನ. ಯುದ್ಧದ ಕಾಲದಲ್ಲಿ ಪಾತ್ರೆ ಸಿಗುವುದೇ ಅಪರೂಪ. ಅವತ್ತು ಪಾತ್ರೆ ಬಂದಿದೆ ಎಂದು ಹೆಂಗಸರು ಮಕ್ಕಳನ್ನು ಕರೆದುಕೊಂಡು ಬಂದಿದ್ದರು ಎಂದು ಬದುಕಿ ಉಳಿದವರು ನೆನಪಿಸಿಕೊಂಡಿದ್ದಾರೆ. ಒಂದು ರಾಕೆಟ್ ನೇರ ಅಲ್ಲಿಗೇ ಬಿತ್ತು. 168 ಜನ ಸತ್ತರು. ಡಿಸೆಂಬರ್ 16ರಂದು ಬೆಲ್ಜಿಯಂನ ಆಂಟ್ವರ್ಪ್‌ನಲ್ಲಿ ಸಿನಿಮಾ ನಡೆಯುತ್ತಿದ್ದ ಟಾಕೀಸಿನ ಮೇಲೆ ಇನ್ನೊಂದು ಬಿತ್ತು. ಅಲ್ಲಿ 567 ಜನ. ವಿ-2 ಬಿದ್ದು ಅತಿ ಹೆಚ್ಚು ಜನ ಸತ್ತಿದ್ದು ಅಲ್ಲೇ. ಈ ರಾಕೆಟ್‌ಗಳು ಅತಿ ಹೆಚ್ಚು ಬಿದ್ದ ಊರೂ ಲಂಡನ್ ಅಲ್ಲ, ಆಂಟ್ವರ್ಪ್. ಎಷ್ಟೋ ಪುಸ್ತಕಗಳಲ್ಲಿ ಆ ಊರಿನ ಹೆಸರೇ ಇರುವುದಿಲ್ಲ.

ಪ್ರಶ್ನೆ: ನನ್ನದು ಪಂಪ್‌ಸೆಟ್ ರಿಪೇರಿ ಅಂಗಡಿ. ವಿ-2 ಎಂಜಿನ್ ಓಡಿಸಲು ಆಲ್ಕೋಹಾಲ್ ಹಾಕುತ್ತಿದ್ದರು, ಅದಕ್ಕೆ ನೀರನ್ನೂ ಬೆರೆಸುತ್ತಿದ್ದರು ಎಂದು ಬರೆದಿದ್ದೀರಿ. ಇಂಧನಕ್ಕೆ ನೀರು ಬೆರೆಸಿದರೆ ಎಂಜಿನ್ ನಿಲ್ಲುತ್ತದೆ. ಇದು ಹೇಗೆ? (ಗದಗ)

ಉತ್ತರ: ಈ ಪ್ರಶ್ನೆ ಓದಿ ಬಹಳ ಖುಷಿಯಾಯಿತು. ಈ ರಾಕೆಟ್ಟಿನ ಜೀವ ಇದ್ದಿದ್ದೇ ಅದರ ಪಂಪಿನಲ್ಲಿ.

ಮೊದಲು ನೀರಿನ ವಿಷಯ. ಒಂದು ಟ್ಯಾಂಕಿನಲ್ಲಿ 75 ಪಾಲು ಆಲ್ಕೋಹಾಲ್, 25 ಪಾಲು ನೀರು. ಇನ್ನೊಂದರಲ್ಲಿ ಮೈನಸ್ 183 ಡಿಗ್ರಿಯ ದ್ರವ ಆಮ್ಲಜನಕ. ಆಲ್ಕೋಹಾಲನ್ನು ಆಲೂಗಡ್ಡೆ ಕೊಳೆಸಿ ಬಟ್ಟಿ ಇಳಿಸುತ್ತಿದ್ದರು. ಶುದ್ಧ ಆಲ್ಕೋಹಾಲನ್ನು ಶುದ್ಧ ಆಮ್ಲಜನಕದಲ್ಲಿ ಸುಟ್ಟರೆ ಬರುವ ಶಾಖಕ್ಕೆ ಉಕ್ಕಿನ ಗೋಡೆಯೇ ಕರಗಿಬಿಡುತ್ತದೆ. ನೀರು ಸೇರಿಸಿದರೆ ಶಾಖ ಸ್ವಲ್ಪ ತಗ್ಗುತ್ತದೆ. ಶಕ್ತಿ ಒಂದಿಷ್ಟು ಹೋಗುತ್ತದೆ, ಎಂಜಿನ್ ಉಳಿಯುತ್ತದೆ. ನಿಮ್ಮ ಬೈಕಿಗೆ ಆಮ್ಲಜನಕ ಬರುವುದು ಗಾಳಿಯಿಂದ, ಗಾಳಿಯಲ್ಲಿ ಅದು ಐದನೇ ಒಂದು ಪಾಲು ಮಾತ್ರ. ಇಲ್ಲಿ ಪೂರ್ತಿ ಆಮ್ಲಜನಕವೇ. ಹಾಗಾಗಿ ನೀರು ಬೆರೆತರೂ ಬೆಂಕಿ ಆರುವುದಿಲ್ಲ.

ಅಷ್ಟೂ ಸಾಲದು. ಈ ಎಂಜಿನ್ನನ್ನು ಒಂದು ಮ್ಯೂಸಿಯಂನಲ್ಲಿ ಅರ್ಧಕ್ಕೆ ಕೊಯ್ದು ಇಟ್ಟಿದ್ದನ್ನು ನಾನು ಹತ್ತಿರದಿಂದ ನೋಡಿದ್ದೇನೆ. ಗೋಡೆ ಎರಡು ಪದರ. ನಡುವಿನ ಸಂದಿಯಲ್ಲಿ ತಣ್ಣನೆಯ ಆಲ್ಕೋಹಾಲ್ ಹರಿದು ಹೋಗಿ ಆಮೇಲೆ ಉರಿಯುವ ಕೋಣೆಗೆ ಬರುತ್ತದೆ. ಒಳಗಿನ ಗೋಡೆಗೆ ಉಂಗುರದ ಹಾಗೆ ಸಾಲುಸಾಲು ಸಣ್ಣ ತೂತು. ಸೂಜಿ ತೂರುವಷ್ಟು. ಅವುಗಳಿಂದ ಸ್ವಲ್ಪ ಆಲ್ಕೋಹಾಲ್ ಜಿನುಗಿ ಗೋಡೆಯ ಮೈಮೇಲೆ ತೆಳ್ಳಗೆ ಹರಡಿಕೊಳ್ಳುತ್ತದೆ. ಬೆಂಕಿಗೂ ಲೋಹಕ್ಕೂ ನಡುವೆ ಒಂದು ತೇವದ ಪರದೆ. ಬೇಸಿಗೆಯಲ್ಲಿ ಮಣ್ಣಿನ ಮಡಕೆ ಬೆವರಿ ನೀರನ್ನು ತಣ್ಣಗೆ ಇಡುತ್ತದಲ್ಲ, ಅದರ ನೆನಪಾಯಿತು. ಎಂಜಿನ್ನಿನ ನೆತ್ತಿಯ ಮೇಲೆ ಇಂಧನ ಸಿಂಪಡಿಸಲು 18 ಬಟ್ಟಲು ಇದ್ದವು. ಮೊದಲು ಸಣ್ಣ ಎಂಜಿನ್ನಿಗೆ ಒಂದು ಬಟ್ಟಲು ಚೆನ್ನಾಗಿ ಕೆಲಸ ಮಾಡಿತು. ದೊಡ್ಡ ಎಂಜಿನ್ನಿಗೆ ಅದನ್ನೇ 18 ಜೋಡಿಸಿದರು. ಇದರ ಹಿಂದಿನ ತಲೆ ವಾಲ್ಟರ್ ಥೀಲ್ ಎಂಬ ರಸಾಯನ ವಿಜ್ಞಾನಿಯದು. 1943ರ ಆಗಸ್ಟ್ 17ರ ರಾತ್ರಿ ಬ್ರಿಟಿಷ್ ವಿಮಾನಗಳು ಪೀನೆಮುಂಡೆ ಮೇಲೆ ಬಾಂಬ್ ಹಾಕಿದಾಗ ಅವನೂ ಅವನ ಮನೆಯವರೂ ಸತ್ತರು.

ಈಗ ಪಂಪು. ಸೆಕೆಂಡಿಗೆ ಸುಮಾರು 130 ಕೆಜಿ ದ್ರವವನ್ನು ಉರಿಯುವ ಕೋಣೆಗೆ ನೂಕಬೇಕು. ಒಳಗೆ ಒತ್ತಡ ಜಾಸ್ತಿ, ಪಂಪ್ ಅದಕ್ಕಿಂತ ಜಾಸ್ತಿ ಒತ್ತಡ ಕೊಡಬೇಕು. ತೂಕ ಮಾತ್ರ ಕಡಿಮೆ ಇರಬೇಕು. ಒಂದು ಕಡೆ ಮೈನಸ್ 183 ಡಿಗ್ರಿ, ಇನ್ನೊಂದು ಕಡೆ ಬಿಸಿ ಹಬೆ. ಎಂಜಿನಿಯರುಗಳು ಬೆಂಕಿ ಆರಿಸುವ ಪಂಪ್ ಮಾಡುವವರ ಹತ್ತಿರ ಹೋದರು. ಕೂಡಲೇ ಶುರುವಾಗಬೇಕು, ಜೋರಾಗಿ ನೂಕಬೇಕು, ಕೈಕೊಡಬಾರದು. ಬೆಂಕಿ ಆರಿಸುವವರಿಗೂ ಇದೇ ಬೇಕಲ್ಲ! ಪಂಪನ್ನು ತಿರುಗಿಸಲು ಹೈಡ್ರೋಜನ್ ಪೆರಾಕ್ಸೈಡ್ ಇತ್ತು. ಅದಕ್ಕೆ ಪರ್ಮಾಂಗನೇಟ್ ದ್ರಾವಣ ತಾಕಿಸಿದರೆ ಬೆಂಕಿ ಇಲ್ಲದೆಯೇ ಬುಸ್ ಎಂದು ಹಬೆ ಏಳುತ್ತದೆ. ಆ ಹಬೆ ಟರ್ಬೈನ್ ತಿರುಗಿಸಿ ಸುಮಾರು 580 ಅಶ್ವಶಕ್ತಿ ಕೊಡುತ್ತಿತ್ತು. ನಿಮ್ಮ ಅಂಗಡಿಗೆ ಬರುವ 5 ಅಶ್ವಶಕ್ತಿಯ ಮೋಟಾರು 116 ಬೇಕು ಅದಕ್ಕೆ. ಇಷ್ಟೆಲ್ಲ ಕೆಲಸ ಮಾಡುತ್ತಿದ್ದದ್ದು 65 ಸೆಕೆಂಡು ಮಾತ್ರ.

ಬಾಹ್ಯಾಕಾಶ ಯುಗಕ್ಕೆ ವಿ-2 ಕೊಟ್ಟ ದೊಡ್ಡ ಕೊಡುಗೆ ನನ್ನ ಪ್ರಕಾರ ಈ ಪಂಪೇ. ಗೈರೋಸ್ಕೋಪ್ ಎಂಬ ತಿರುಗುವ ಚಕ್ರದ ಸಾಧನದಿಂದ ದಾರಿ ಹಿಡಿಯುವುದು, ಬೆಂಕಿಯ ಬಾಯಲ್ಲಿ ಗ್ರಾಫೈಟ್ ಹಲಗೆ ತಿರುಗಿಸಿ ದಿಕ್ಕು ಬದಲಿಸುವುದು, ಬೇಕಾದ ವೇಗ ಬಂದ ಕೂಡಲೇ ತಾನಾಗಿ ಎಂಜಿನ್ ನಿಲ್ಲಿಸುವುದು, ಇವೂ ಮುಖ್ಯವೇ. ಆದರೆ ಹೀಗೆ ಟರ್ಬೈನ್ ತಿರುಗಿಸುವ ಪಂಪ್, ಅಂದರೆ ಟರ್ಬೊಪಂಪ್ ಇಲ್ಲದೆ ದೊಡ್ಡ ದ್ರವ ಇಂಧನದ ರಾಕೆಟ್ ಇಲ್ಲ. 1969ರಲ್ಲಿ ಚಂದ್ರನ ಕಡೆ ಹೊರಟ ಸ್ಯಾಟರ್ನ್-5 ರಾಕೆಟ್ಟಿನ ಕೆಳಗೆ ಐದು ಎಂಜಿನ್ ಇದ್ದವು. ಒಂದೊಂದರ ಪಂಪಿಗೂ ಸುಮಾರು 55,000 ಅಶ್ವಶಕ್ತಿ. ಒಂದೊಂದೂ ಸೆಕೆಂಡಿಗೆ ಎರಡೂವರೆ ಟನ್ ಇಂಧನ ನುಂಗುತ್ತಿತ್ತು. 580ರಿಂದ 55,000ಕ್ಕೆ ಬರಲು ಕಾಲು ಶತಮಾನ ಸಾಕಾಯಿತು.

ಪ್ರಶ್ನೆ: ವಿ-2 ರೂಪಿಸಿದ ತಂಡದ ಮುಖ್ಯಸ್ಥ ವರ್ನರ್ ವಾನ್ ಬ್ರೌನ್ ಬಗ್ಗೆ ಮೆಚ್ಚಿ ಬರೆದಿದ್ದೀರಿ. ಆ ರಾಕೆಟ್‌ಗಳನ್ನು ಕೈದಿಗಳಿಂದ ಮಾಡಿಸಿದರು, ಅವರಲ್ಲಿ ಸಾವಿರಾರು ಜನ ಸತ್ತರು ಎಂದು ನನ್ನ ಅಣ್ಣ ಹೇಳುತ್ತಾರೆ. ನಿಜವಾದರೆ ನೀವು ಯಾಕೆ ಬರೆಯಲಿಲ್ಲ? (ಗೃಹಿಣಿ, ಉಡುಪಿ)

ಉತ್ತರ: ನಿಜ. ನಾನು ಬರೆಯಬೇಕಾಗಿತ್ತು. ಫೋಟೋದ ಸಂತೋಷದಲ್ಲಿ ಇದನ್ನು ಬಿಟ್ಟಿದ್ದು ನನ್ನ ತಪ್ಪು. ಅದೂ ಆ ಜಾಗವನ್ನು ಕಣ್ಣಾರೆ ಕಂಡವನು ನಾನು. ನಿಮ್ಮ ಪತ್ರ ಬಂದ ಮೇಲೆ ಎರಡು ದಿನ ಬೇರೆ ಏನೂ ಬರೆಯಲು ಆಗಲಿಲ್ಲ.

ಪೀನೆಮುಂಡೆ ಮೇಲೆ ಬಾಂಬ್ ಬಿದ್ದ ಮೇಲೆ ರಾಕೆಟ್ ತಯಾರಿಯನ್ನು ನೆಲದೊಳಗೆ ಸಾಗಿಸಬೇಕು ಎಂದು ತೀರ್ಮಾನವಾಯಿತು. ಜರ್ಮನಿಯ ನಡುವೆ ನೋರ್ಡ್‌ಹೌಸೆನ್ ಎಂಬ ಊರಿದೆ. ಅದರ ಪಕ್ಕದ ಕೋನ್‌ಸ್ಟೈನ್ ಗುಡ್ಡದೊಳಗೆ ಮೊದಲೇ ಸುರಂಗಗಳಿದ್ದವು. 1943ರ ಆಗಸ್ಟ್ 28ರಂದು ಬುಖೆನ್‌ವಾಲ್ಡ್ ಯಾತನಾ ಶಿಬಿರದಿಂದ ಮೊದಲ ಕೈದಿಗಳನ್ನು ಅಲ್ಲಿಗೆ ತಂದರು. ಆ ಹೊಸ ಶಿಬಿರದ ಹೆಸರು ಡೋರಾ. ಕೈದಿಗಳು ಎಂದರೆ ಕಳ್ಳರು, ಕೊಲೆಗಾರರು ಎಂದುಕೊಳ್ಳಬೇಡಿ. ರಷ್ಯನ್ನರು, ಪೋಲೆಂಡಿನವರು, ಫ್ರೆಂಚರು, ಬೇರೆ ದೇಶದವರು. ಎಷ್ಟೋ ಜನ ನಾಜಿಗಳನ್ನು ಎದುರಿಸಿ ಸಿಕ್ಕಿಬಿದ್ದವರು.

ನನ್ನ ಮಗಳು ಜರ್ಮನಿಯಲ್ಲಿ ಕೆಲಸದಲ್ಲಿದ್ದಾಳೆ. ಅವಳ ಮನೆಗೆ ಹೋದಾಗ ಒಂದು ದಿನ ರೈಲು ಹತ್ತಿ ನೋರ್ಡ್‌ಹೌಸೆನ್‌ಗೆ ಹೋದೆವು. ಜೂನ್ ತಿಂಗಳು, ಹೊರಗೆ ಒಳ್ಳೆ ಬಿಸಿಲು. ಸುರಂಗಕ್ಕೆ ಹೋಗುವ ಮೊದಲು ಸ್ವೆಟರ್ ಹಾಕಿಕೊಳ್ಳಿ ಎಂದರು. ಒಳಗೆ ವರ್ಷವಿಡೀ 8 ಡಿಗ್ರಿ. ಬಾಗಿಲು ದಾಟಿ ಹತ್ತು ಹೆಜ್ಜೆ ಹೋಗುವಷ್ಟರಲ್ಲಿ ಬಾಯಿಂದ ಹಬೆ ಬರತೊಡಗಿತು. ತೇವದ ಕಲ್ಲಿನ ವಾಸನೆ. ಎಲ್ಲೋ ನೀರು ತೊಟ್ಟಿಕ್ಕುವ ಸದ್ದು. ಕೆಳಗೆ ನಿಂತ ನೀರಿನಲ್ಲಿ ತುಕ್ಕು ಹಿಡಿದ ಕಬ್ಬಿಣದ ರಾಶಿ. ದೀಪ ಬಿಟ್ಟಾಗ ಅದರಲ್ಲಿ ರಾಕೆಟ್ ಬಿಡಿಭಾಗಗಳು ಕಂಡವು. ಯುದ್ಧ ಮುಗಿದಾಗಿನಿಂದ ಅಲ್ಲೇ ಬಿದ್ದಿವೆ. ಅದರಲ್ಲಿ ಯಾವುದು ಏನು ಎಂದು ಗುರುತು ಹಿಡಿಯಲು ನನಗೆ ಗೊತ್ತಿತ್ತು. ಎಷ್ಟೋ ವರ್ಷ ಬೋರ್ಡಿನ ಮೇಲೆ ಬರೆದ ಚಿತ್ರಗಳವು. ಮಗಳಿಗೆ ತೋರಿಸಿ ಹೇಳಬೇಕು ಎಂದುಕೊಂಡೆ. ಬಾಯಿ ಬರಲಿಲ್ಲ.

ಸುರಂಗದ ಆಕಾರ ಏಣಿಯ ಹಾಗೆ. ಉದ್ದಕ್ಕೆ ಎರಡು ಸುರಂಗ, ಒಂದೊಂದೂ ಎರಡು ಕಿಲೋಮೀಟರಿನ ಹತ್ತಿರ. ಅವನ್ನು ಜೋಡಿಸುವ ಅಡ್ಡ ಕೋಣೆಗಳು 46. ಮೊದಲ ಚಳಿಗಾಲದಲ್ಲಿ ಕೈದಿಗಳು ಮಲಗುತ್ತಿದ್ದದ್ದೂ ಈ ಅಡ್ಡ ಕೋಣೆಗಳಲ್ಲೇ, ನಾಲ್ಕು ಅಂತಸ್ತಿನ ಹಲಗೆಗಳ ಮೇಲೆ. ಪಕ್ಕದಲ್ಲಿ ಹಗಲೂ ರಾತ್ರಿ ಬಂಡೆ ಸಿಡಿಸುತ್ತಿದ್ದರು. ಶೌಚಕ್ಕೆ ಅರ್ಧಕ್ಕೆ ಕತ್ತರಿಸಿದ ಪೀಪಾಯಿ. ಮೈ ತೊಳೆಯಲು ನೀರಿಲ್ಲ. ವಾರಗಟ್ಟಲೆ ಸೂರ್ಯನ ಬೆಳಕು ಕಾಣುತ್ತಿರಲಿಲ್ಲ. 1944ರ ವಸಂತದ ಹೊತ್ತಿಗೆ ಸುಮಾರು 3,000 ಜನ ಸತ್ತಿದ್ದರು. ಇನ್ನೂ 3,000 ಜನ ಏಳಲಾರದವರನ್ನು ಬೇರೆ ಶಿಬಿರಗಳಿಗೆ ಸಾಗಿಸಿದರು. ಅವರಲ್ಲಿ ಉಳಿದವರು ಕಡಿಮೆ. ಕೊನೆಯ ತಿಂಗಳುಗಳಲ್ಲಿ, ಕೆಲಸ ಕೆಡಿಸಿದರು ಎಂಬ ಆಪಾದನೆ ಹೊರಿಸಿ, ರಾಕೆಟ್ ಎತ್ತುವ ಕ್ರೇನಿಗೇ ಕಟ್ಟಿ ಗಲ್ಲಿಗೇರಿಸಿದರು. ಉಳಿದವರು ಅದರ ಕೆಳಗೇ ನಡೆದು ಕೆಲಸಕ್ಕೆ ಹೋಗಬೇಕಿತ್ತು.

ಡೋರಾ ಮತ್ತು ಅದಕ್ಕೆ ಸೇರಿದ ಶಿಬಿರಗಳಿಗೆ ಬಂದವರು ಸುಮಾರು 60,000. ಸತ್ತವರು ಸುಮಾರು 20,000. ಅವರೆಲ್ಲರೂ ರಾಕೆಟ್ ಕೆಲಸದಲ್ಲೇ ಸತ್ತವರಲ್ಲ, ಸುರಂಗ ಕೊರೆಯುವುದು, ಬೇರೆ ಕಾರ್ಖಾನೆ ಎಲ್ಲ ಸೇರಿದೆ. ಆದರೂ ವಿ-2 ಬಿದ್ದು ಸತ್ತವರಿಗಿಂತ ಅದನ್ನು ಮಾಡಲು ಹೋಗಿ ಸತ್ತವರೇ ಜಾಸ್ತಿ ಎಂದು ಇತಿಹಾಸಕಾರರು ಹೇಳುತ್ತಾರೆ.

ವಾನ್ ಬ್ರೌನ್‌ಗೆ ಇದು ಗೊತ್ತಿತ್ತೇ? ಗೊತ್ತಿತ್ತು. ಸುರಂಗಕ್ಕೆ ಹಲವು ಸಲ ಹೋಗಿದ್ದನ್ನು ಅವನೇ ಒಪ್ಪಿದ್ದಾನೆ. 1944ರ ಆಗಸ್ಟ್ 15ರಂದು ಅವನು ಬರೆದ ಒಂದು ಪತ್ರ ಉಳಿದುಕೊಂಡಿದೆ. ಬುಖೆನ್‌ವಾಲ್ಡ್‌ಗೆ ಹೋಗಿ ಕೆಲಸ ಬಲ್ಲ ಕೈದಿಗಳನ್ನು ಹುಡುಕಿದೆ, ಅವರನ್ನು ಕಳಿಸುವ ಬಗ್ಗೆ ಶಿಬಿರದ ಮುಖ್ಯಸ್ಥನ ಜೊತೆ ಮಾತಾಡಿದೆ ಎಂದು ಅದರಲ್ಲಿದೆ. ಅವನು ನಾಜಿ ಪಕ್ಷದ ಸದಸ್ಯ, ಎಸ್‌ಎಸ್ ಪಡೆಯಲ್ಲಿ ಮೇಜರ್ ದರ್ಜೆಯವನು. ಅದೇ ವರ್ಷದ ಮಾರ್ಚ್‌ನಲ್ಲಿ ನಾಜಿಗಳ ಗುಪ್ತ ಪೊಲೀಸ್ ಪಡೆ ಗೆಸ್ಟಾಪೊ ಅವನನ್ನೇ ಹಿಡಿದು ಕೆಲವು ದಿನ ಒಳಗೆ ಹಾಕಿದ್ದೂ ನಿಜ. ಯುದ್ಧಕ್ಕಿಂತ ಬಾಹ್ಯಾಕಾಶದ ಮೇಲೇ ಅವನಿಗೆ ಗಮನ ಎಂಬುದು ಆಪಾದನೆಗಳಲ್ಲಿ ಒಂದು. ಅವನ ಬೆನ್ನಿಗೆ ನಿಲ್ಲುವವರು ಇದನ್ನೇ ಹೇಳುತ್ತಾರೆ. ಆ ಪತ್ರ ಓದಿದ ಮೇಲೆ ನನಗೆ ಹಾಗೆ ನಿಲ್ಲಲು ಆಗುವುದಿಲ್ಲ. ಒಳ್ಳೆಯ ಎಂಜಿನಿಯರ್ ಎನ್ನುತ್ತೇನೆ, ಅಷ್ಟೇ. ಜೀತದ ಕೈಗಳನ್ನು ಆರಿಸಿ ತಂದವನು ಎಂಬುದನ್ನೂ ಅದರ ಜೊತೆಗೇ ಹೇಳುತ್ತೇನೆ. ಒಂದನ್ನು ಬಿಟ್ಟು ಇನ್ನೊಂದನ್ನು ಇನ್ನು ಮೇಲೆ ಈ ಪುಟದಲ್ಲಿ ಬರೆಯುವುದಿಲ್ಲ.

ಸುರಂಗದ ಕಾರ್ಖಾನೆಯಲ್ಲಿ ತಯಾರಿಯ ಉಸ್ತುವಾರಿ ಆರ್ಥರ್ ರುಡಾಲ್ಫ್ ಎಂಬವನದು. ಮುಂದೆ ಅಮೆರಿಕದಲ್ಲಿ ಸ್ಯಾಟರ್ನ್-5 ಯೋಜನೆಯ ಮ್ಯಾನೇಜರ್ ಆಗಿದ್ದದ್ದೂ ಅವನೇ. ತನಿಖೆ ಶುರುವಾದ ಮೇಲೆ 1984ರಲ್ಲಿ ಅಮೆರಿಕದ ಪೌರತ್ವ ಬಿಟ್ಟು ಜರ್ಮನಿಗೆ ಹಿಂದಿರುಗಿದ. ನಮಗೆ ಗೊತ್ತಿರುವ ಆ ಮೊದಲ ಫೋಟೋ ತೆಗೆದ ವಿ-2 ಕೂಡ ಈ ಸುರಂಗದಿಂದ ಸಾಗಿಸಿದ ಬಿಡಿಭಾಗಗಳ ರಾಶಿಯಿಂದಲೇ ಬಂದದ್ದು.

ಪ್ರಶ್ನೆ: ಯುದ್ಧ ಮುಗಿದ ಮೇಲೆ ಆ ವಿಜ್ಞಾನಿಗಳೆಲ್ಲ ಅಮೆರಿಕಕ್ಕೆ ಹೋದರೆ ರಷ್ಯಾ ಹೇಗೆ ಮೊದಲು ಸ್ಪುಟ್ನಿಕ್ ಹಾರಿಸಿತು? (ಬ್ಯಾಂಕ್ ಉದ್ಯೋಗಿ, ಮೈಸೂರು)

ಉತ್ತರ: ಎಲ್ಲರೂ ಹೋಗಲಿಲ್ಲ. ವಾನ್ ಬ್ರೌನ್ ಮತ್ತು ಅವನ ಹತ್ತಿರದವರು 1945ರ ಮೇ 2ರಂದು ಆಸ್ಟ್ರಿಯದ ಗಡಿಯಲ್ಲಿ ಅಮೆರಿಕನ್ನರಿಗೆ ಶರಣಾದರು. ಅವನ ತಮ್ಮ ಸೈಕಲ್ ಹತ್ತಿಕೊಂಡು ಇಳಿಜಾರಿನಲ್ಲಿ ಬಂದು ಒಬ್ಬ ಸೈನಿಕನನ್ನು ಮಾತಾಡಿಸಿದ. ನೋರ್ಡ್‌ಹೌಸೆನ್ ಪ್ರದೇಶ ಸೋವಿಯತ್ ವಶಕ್ಕೆ ಹೋಗುವುದೆಂದು ಮೊದಲೇ ಒಪ್ಪಂದವಾಗಿತ್ತು. ಅದಕ್ಕೇ ಅಮೆರಿಕನ್ನರು ಅವಸರದಲ್ಲಿ ಸುಮಾರು 100 ರಾಕೆಟ್ಟಿಗೆ ಸಾಕಾಗುವಷ್ಟು ಭಾಗಗಳನ್ನು ರೈಲಿನಲ್ಲಿ ಆಂಟ್ವರ್ಪ್‌ಗೆ, ಅಲ್ಲಿಂದ ಹಡಗಿನಲ್ಲಿ ತಮ್ಮ ದೇಶಕ್ಕೆ ಸಾಗಿಸಿದರು.

ರಷ್ಯನ್ನರಿಗೆ ಉಳಿದದ್ದು ಅಳಿದುಳಿದ ಸಾಮಾನು ಮತ್ತು ಹೆಲ್ಮುಟ್ ಗ್ರೋಟ್ರುಪ್‌ನಂಥ ಕೆಲವು ಎಂಜಿನಿಯರುಗಳು. 1946ರ ಅಕ್ಟೋಬರ್ 22ರ ಬೆಳಗಿನ ಜಾವ ಸೈನಿಕರು ಮನೆಮನೆಗೆ ಹೋಗಿ ಸಾವಿರಾರು ಜರ್ಮನ್ ತಜ್ಞರನ್ನು ಹೆಂಡತಿ ಮಕ್ಕಳ ಸಮೇತ ರೈಲು ಹತ್ತಿಸಿದರು. ರಾಕೆಟ್ಟಿನವರಲ್ಲಿ ಅನೇಕರನ್ನು ಕೆರೆ ನಡುವಿನ ಗೊರೊಡೋಮ್ಲ್ಯಾ ದ್ವೀಪದಲ್ಲಿ ಇಟ್ಟರು. 1950ರ ದಶಕದ ಮೊದಲಲ್ಲಿ ವಾಪಸ್ ಕಳಿಸಿದರು.

ಆದರೆ ಮೊದಲ ಕೃತಕ ಉಪಗ್ರಹ ಸ್ಪುಟ್ನಿಕ್ ಹಾರಿಸಿದ ಆರ್-7 ರಾಕೆಟ್ ವಿ-2ರ ನಕಲು ಅಲ್ಲ. ವಿ-2 ನೋಡಿಕೊಂಡು ಮಾಡಿದ್ದು ಆರ್-1 ಎಂಬ ಮೊದಲ ರಾಕೆಟ್. ಅಲ್ಲಿಂದ ಮುಂದೆ ರಷ್ಯನ್ನರ ಮುಖ್ಯ ರಾಕೆಟ್ ವಿನ್ಯಾಸಕ ಸೆರ್ಗೆಯ್ ಕೊರೊಲ್ಯೋವ್ ತನ್ನದೇ ದಾರಿ ಹಿಡಿದ. ಸುತ್ತ ನಾಲ್ಕು ರಾಕೆಟ್, ನಡುವೆ ಒಂದು, ಎಲ್ಲವೂ ನೆಲದಲ್ಲೇ ಹೊತ್ತಿಕೊಂಡು ಒಟ್ಟಿಗೆ ಏಳುವುದು. ಈ ಯೋಚನೆ ರಷ್ಯನ್ನರದೇ. ಈ ಕೊರೊಲ್ಯೋವ್ 1938ರಲ್ಲಿ ಸ್ಟಾಲಿನ್ ಪೊಲೀಸರಿಗೆ ಸಿಕ್ಕಿ, ಕೊಲಿಮಾದ ಚಿನ್ನದ ಗಣಿಯಲ್ಲಿ ಕೈದಿಯಾಗಿ ಸಾಯುವ ಹಂತಕ್ಕೆ ಹೋಗಿ ಉಳಿದವನು.

ಅಮೆರಿಕದ ದಾರಿ ಹೆಚ್ಚು ನೇರ. ಮರುಭೂಮಿಯಲ್ಲಿ ಹಾರಿಸಿದ ವಿ-2ಗಳ ಮೂತಿಯಲ್ಲಿ ಬಾಂಬಿನ ಬದಲು ಉಪಕರಣ ಇಟ್ಟರು. 1947ರ ಫೆಬ್ರವರಿಯಲ್ಲಿ ಹಣ್ಣಿನ ನೊಣಗಳು ಹೋಗಿ ಜೀವಂತ ವಾಪಸ್ ಬಂದವು. ಬಾಹ್ಯಾಕಾಶ ಕಂಡ ಮೊದಲ ಪ್ರಾಣಿಗಳು ಅವು. 1949ರ ಜೂನ್‌ನಲ್ಲಿ ಆಲ್ಬರ್ಟ್-2 ಎಂಬ ಮಂಗ 134 ಕಿಲೋಮೀಟರ್ ಎತ್ತರ ಹೋಗಿ ಬಂತು, ಪ್ಯಾರಾಚೂಟ್ ಬಿಚ್ಚಿಕೊಳ್ಳದೆ ಸತ್ತುಹೋಯಿತು. 1950ರ ಜುಲೈ 24ರಂದು ಕೇಪ್ ಕೆನವೆರಲ್‌ನಿಂದ ಹಾರಿದ ಮೊದಲ ರಾಕೆಟ್ ಕೂಡ ವಿ-2ರ ಹೆಗಲ ಮೇಲೆ ಇನ್ನೊಂದು ಸಣ್ಣ ರಾಕೆಟ್ ಕೂರಿಸಿದ್ದು. 1961ರ ಮೇ 5ರಂದು ಅಮೆರಿಕದ ಮೊದಲ ಗಗನಯಾತ್ರಿ ಅಲನ್ ಶೆಪರ್ಡ್ ಕೂತು ಹೋದ ರೆಡ್‌ಸ್ಟೋನ್ ರಾಕೆಟ್ ವಿ-2ರ ನೇರ ಸಂತಾನ. ಅದರಲ್ಲೂ ಅದೇ ಆಲ್ಕೋಹಾಲ್, ಅದೇ ದ್ರವ ಆಮ್ಲಜನಕ, ಬೆಂಕಿಯಲ್ಲಿ ಅದೇ ಗ್ರಾಫೈಟ್ ಹಲಗೆ.

ಪ್ರಶ್ನೆ: ಟಿಪ್ಪುವಿನ ರಾಕೆಟ್ ನೋಡಿಯೇ ಜರ್ಮನ್ನರು ವಿ-2 ಮಾಡಿದರು ಎಂದು ನಮ್ಮ ಕಡೆ ಹೇಳುತ್ತಾರೆ. ಹೌದೇ? (ಶ್ರೀರಂಗಪಟ್ಟಣ)

ಉತ್ತರ: ಇಲ್ಲ. ಮೈಸೂರಿನ ರಾಕೆಟ್ಟಿಗೆ ತನ್ನದೇ ದೊಡ್ಡ ಹೆಸರಿದೆ, ಅದಕ್ಕೆ ಇಲ್ಲದ್ದನ್ನು ಸೇರಿಸುವುದು ಬೇಡ. ಬಿದಿರಿನ ಕೋಲಿಗೆ ಕಟ್ಟಿದ ಕಬ್ಬಿಣದ ಕೊಳವೆ, ಒಳಗೆ ಕರಿ ಮದ್ದು. ಕೊಳವೆ ಕಬ್ಬಿಣದ್ದಾದ್ದರಿಂದ ಒಳಗೆ ಒತ್ತಡ ತಡೆಯುತ್ತಿತ್ತು, ಹೆಚ್ಚು ದೂರ ಹೋಗುತ್ತಿತ್ತು. 1780ರಲ್ಲಿ ಪೊಳ್ಳಿಲೂರಿನಲ್ಲಿ ಬ್ರಿಟಿಷರು ಅದರ ಏಟು ತಿಂದರು. 1799ರಲ್ಲಿ ನಿಮ್ಮ ಊರು ಬಿದ್ದ ಮೇಲೆ ರಾಕೆಟ್‌ಗಳನ್ನು ಇಂಗ್ಲೆಂಡಿಗೆ ಒಯ್ದರು. ಅದರಿಂದ ವಿಲಿಯಂ ಕಾಂಗ್ರೀವ್ ತನ್ನ ರಾಕೆಟ್ ಮಾಡಿದ. ಇಲ್ಲಿವರೆಗೆ ಖಚಿತ. 2018ರಲ್ಲಿ ಹೊಸನಗರ ತಾಲ್ಲೂಕಿನ ನಗರದಲ್ಲಿ ಹಾಳುಬಾವಿಯಿಂದ ಅಂಥ 1,000ಕ್ಕೂ ಜಾಸ್ತಿ ರಾಕೆಟ್ ಕೊಳವೆ ಸಿಕ್ಕವು.

ವಿ-2ರ ವಂಶ ಬೇರೆ. 1903ರಲ್ಲಿ ರಷ್ಯಾದ ತ್ಸಿಯೋಲ್ಕೋವ್‌ಸ್ಕಿ ದ್ರವ ಇಂಧನದ ಲೆಕ್ಕ ಬರೆದರು. 1923ರಲ್ಲಿ ಹೆರ್ಮನ್ ಓಬರ್ತ್ ಜರ್ಮನ್ ಭಾಷೆಯಲ್ಲಿ ಪುಸ್ತಕ ತಂದರು. ಅದನ್ನು ಓದಿದ ಹುಡುಗರಲ್ಲಿ ವಾನ್ ಬ್ರೌನ್ ಒಬ್ಬ. 1926ರ ಮಾರ್ಚ್ 16ರಂದು ಅಮೆರಿಕದ ಗಾಡರ್ಡ್ ದ್ರವ ಇಂಧನದ ಮೊದಲ ರಾಕೆಟ್ ಹಾರಿಸಿದರು, ಎರಡೂವರೆ ಸೆಕೆಂಡು.

ಪ್ರಶ್ನೆ: ನಮ್ಮ ಇಸ್ರೋಗೂ ಆ ಜರ್ಮನ್ ರಾಕೆಟ್ಟಿಗೂ ಏನಾದರೂ ಸಂಬಂಧ ಇದೆಯೇ? (ಎಂಜಿನಿಯರಿಂಗ್ ವಿದ್ಯಾರ್ಥಿ, ಬೆಂಗಳೂರು)

ಉತ್ತರ: ಇದೆ. ಅದು ಫ್ರಾನ್ಸ್ ಮೂಲಕ ಬಂದದ್ದು. ಯುದ್ಧದ ನಂತರ ಪೀನೆಮುಂಡೆಯ ಕೆಲವು ಎಂಜಿನಿಯರುಗಳು ಫ್ರಾನ್ಸಿನ ವೆರ್ನೋನ್ ಪಟ್ಟಣಕ್ಕೆ ಹೋದರು. ಅವರಲ್ಲಿ ಒಬ್ಬ ಕಾರ್ಲ್ ಹೈಂಜ್ ಬ್ರಿಂಗರ್. ಅಲ್ಲೇ ವರ್ಷಗಟ್ಟಲೆ ಕೆಲಸ ಮಾಡಿ ಅವನು ರೂಪಿಸಿದ್ದು ವೈಕಿಂಗ್ ಎಂಜಿನ್. 1979ರ ಡಿಸೆಂಬರ್ 24ರಂದು ಯುರೋಪಿನ ಮೊದಲ ಆರಿಯಾನ್ ರಾಕೆಟ್ಟನ್ನು ಎತ್ತಿದ್ದು ಅದೇ. 1974ರಲ್ಲಿ ಇಸ್ರೋ ಫ್ರೆಂಚರ ಜೊತೆ ಒಪ್ಪಂದ ಮಾಡಿಕೊಂಡಿತು. ನಮ್ಮ ಎಂಜಿನಿಯರುಗಳು ವೆರ್ನೋನ್‌ಗೆ ಹೋಗಿ ಅವರ ಜೊತೆ ದುಡಿದರು. ದುಡಿಮೆಗೆ ಬದಲಾಗಿ ಎಂಜಿನ್ನಿನ ವಿದ್ಯೆ ಸಿಕ್ಕಿತು. ನಂಬಿ ನಾರಾಯಣನ್ ಆ ತಂಡದ ಮುಂದಾಳು. ಇಲ್ಲಿ ಮಾಡಿದ ಎಂಜಿನ್ನಿಗೆ ವಿಕಾಸ್ ಎಂದು ಹೆಸರಿಟ್ಟರು.

ವಿ-2ರ ತಳ್ಳುವ ಶಕ್ತಿ 25 ಟನ್, ವಿಕಾಸ್‌ನದು 80 ಟನ್ನಿನ ಆಸುಪಾಸು. ಇಂಧನವೂ ಬೇರೆ, ಆಲ್ಕೋಹಾಲ್ ಇಲ್ಲ. ಆದರೆ ಗದಗದ ಓದುಗರಿಗೆ ಹೇಳಿದ ನೀರು ಇಲ್ಲೂ ಇದೆ. ಟರ್ಬೈನ್ ತಿರುಗಿಸುವ ಅನಿಲ ಬಹಳ ಬಿಸಿ. ಅದು ಟರ್ಬೈನನ್ನು ಸುಡದಿರಲೆಂದು ಅದಕ್ಕೆ ನೀರು ಸೇರಿಸಿ ತಣ್ಣಗೆ ಮಾಡುತ್ತಾರೆ. ಅದಕ್ಕಾಗಿ ನೀರನ್ನು ರಾಕೆಟ್ಟೇ ಹೊತ್ತುಕೊಂಡು ಹೋಗುತ್ತದೆ. 2008ರ ಅಕ್ಟೋಬರ್ 22ರಂದು ಚಂದ್ರಯಾನ-1 ಹೊತ್ತ ಪಿಎಸ್‌ಎಲ್‌ವಿಯ ಎರಡನೇ ಹಂತದಲ್ಲಿ ಒಂದು ವಿಕಾಸ್ ಉರಿಯಿತು. 2023ರ ಜುಲೈ 14ರಂದು ಚಂದ್ರಯಾನ-3 ಹೊರಟಾಗ ನಡುವಿನ ಹಂತದಲ್ಲಿ ಜೋಡಿ ವಿಕಾಸ್ ಉರಿದವು. ಅವತ್ತು ಮಧ್ಯಾಹ್ನ ನಾನು ಟಿವಿ ಮುಂದೆ ಕೂತಿದ್ದೆ. ಜರ್ಮನಿಯಿಂದ ಮಗಳು ಫೋನ್ ಮಾಡಿದಳು. ಎರಡೂ ಎಂಜಿನ್ ಹೊತ್ತಿಕೊಂಡವು ಎಂದು ಶ್ರೀಹರಿಕೋಟಾದವರು ಹೇಳುವವರೆಗೆ ಇಬ್ಬರೂ ಮಾತಾಡದೆ ಫೋನ್ ಹಿಡಿದುಕೊಂಡೇ ಇದ್ದೆವು.